ಗೆರೆ ಎಷ್ಟು ದಪ್ಪ? ದೋಸ್ತನಿಗೊಂದು ಪತ್ರ

ದೋಸ್ತ,

ವಾಟ್ಸಾಪಿನಲ್ಲಿ ಬರೆದರೆ ನೀನು ಒಂದು ಹೆಬ್ಬೆರಳು ಒತ್ತಿ ಸುಮ್ಮನಾಗುತ್ತೀಯ. ಅದಕ್ಕೇ ಈ ಸಲ ಎಲ್ಲರೆದುರಿಗೆ ಬರೆಯುತ್ತಿದ್ದೇನೆ. ನಾಲ್ಕು ಜನ ನೋಡುತ್ತಾರೆ ಅಂತಾದರೂ ಉತ್ತರ ಕೊಡುತ್ತೀಯ ಅಂತ ಆಸೆ. ಓದುತ್ತಿರುವ ಬೇರೆಯವರಿಗೆ: ಇವನು ಧಾರವಾಡದಲ್ಲಿ ತತ್ವಶಾಸ್ತ್ರ ಓದಿ, ಈಗ ಅದನ್ನೇ ಕಲಿಸಿ ಹೊಟ್ಟೆ ಹೊರೆಯುತ್ತಿರುವ ಮಹಾನುಭಾವ. ನಾನು ವಿಜಯಪುರ ಜಿಲ್ಲೆಯಲ್ಲಿ ಹೊಲ ಅಳೆಯುವ ಲೈಸೆನ್ಸ್ ಸರ್ವೇಯರ್. ಇಬ್ಬರಿಗೂ ರೇಖಾಗಣಿತ ಕಲಿಸಿದವರು ಛತ್ರಿ ಮಾಸ್ತರು. ಛತ್ರಿ ಯಾಕೆ ಅಂತ ಕೇಳಬೇಡಿ.

ಹೋದ ವಾರ ಡೋಣಿ ಹೊಳೆ ದಂಡೆಯ ಒಂದು ಊರಿಗೆ ಹದ್ದುಬಸ್ತಿಗೆ, ಅಂದರೆ ಹೊಲದ ಗಡಿ ಗುರುತು ಮಾಡಿಕೊಡಲು, ಹೋಗಿದ್ದೆ. ಡೋಣಿ ಬೆಳೆದರೆ ಓಣೆಲ್ಲ ಕಾಳು, ಅದು ನಿನಗೂ ಗೊತ್ತು. ಆದರೆ ಹೊಳೆ ತುಂಬಿ ಬಂದ ವರ್ಷ ಬದು, ಬಾಂದುಕಲ್ಲು ಎರಡೂ ಹೂಳಿನೊಳಗೆ. ಹಳೆಯ ಅಳತೆಯ ಟಿಪ್ಪಣಿ ಹಿಡಿದು, ಉಪಗ್ರಹದಿಂದ ಜಾಗ ಹಿಡಿಯುವ ರೋವರ್ ಕೋಲು ನೆಟ್ಟು, ಗಡಿ ಎಲ್ಲಿ ಹಾಯುತ್ತದೆ ಅಂತ ತೋರಿಸಿದೆ. ಹುಡುಗರು ಸುಣ್ಣದ ಪುಡಿ ಉದುರಿಸುತ್ತ ಹೋದರು. ಗೆರೆ ನೆಟ್ಟಗೆ ಹೋಗಿ ಒಂದು ಬೇವಿನ ಬೊಡ್ಡೆಯ ನಟ್ಟನಡುವೆ ತಾಗಿತು. ಎರಡೂ ಕಡೆಯವರು ನನ್ನ ಮುಖ ನೋಡಿದರು. ಕಂಬಳಿ ಹೊದ್ದ ಒಬ್ಬ ಮುದುಕ ಕೇಳಿದ: “ಸಾಹೇಬ್ರ, ನಿಮ್ಮ ಗೆರಿ ಎಷ್ಟ ದಪ್ಪ ಅದ್ರಿ?”

ನಗಬೇಡ. ಯೂಕ್ಲಿಡ್ ಹೇಳಿದ ಪ್ರಕಾರ ಗೆರೆಗೆ ಉದ್ದ ಇದೆ, ಅಗಲ ಇಲ್ಲ. ಅದನ್ನು ಆ ಮುದುಕನಿಗೆ ಹೇಳಿದ್ದರೆ ಬಾರುಕೋಲು ತಗೋತಿದ್ದ. ನಕ್ಷೆಯ ಲೆಕ್ಕ ಬೇರೆ. 1:2000 ಪ್ರಮಾಣದ ನಕ್ಷೆಯಲ್ಲಿ ಅರ್ಧ ಮಿಲಿಮೀಟರ್ ಪೆನ್ಸಿಲ್ ಗೆರೆ ಅಂದರೆ ನೆಲದ ಮೇಲೆ ಪೂರಾ ಒಂದು ಮೀಟರ್. ಅದರೊಳಗೆ ಬೇವಿನ ಬೊಡ್ಡೆ ಆರಾಮಾಗಿ ಕೂಡುತ್ತದೆ, ಪಕ್ಕದಲ್ಲಿ ಮುದುಕನೂ ಕೂಡಬಹುದು. ರೇಖಾಗಣಿತದವರು ಚಿತ್ರ ಬರೆಯುತ್ತಾರೆ, ಆದರೆ ಅವರು ಯೋಚಿಸುವುದು ಆ ಚಿತ್ರದ ಬಗ್ಗೆ ಅಲ್ಲ ಅಂತ ಪ್ಲೇಟೊ ಹೇಳಿದ್ದಾನಲ್ಲ. ಸರಿ. ಆದರೆ ನನ್ನ ಪಗಾರ ಇರುವುದು ಆ ಚಿತ್ರದಲ್ಲೇ.

ಬರುವಾಗ ದಾರಿಯುದ್ದಕ್ಕೂ ಅದೇ ತಲೆಯಲ್ಲಿ. ಈಜಿಪ್ಟಿನಲ್ಲಿ ನೈಲ್ ಯಾರದಾದರೂ ಹೊಲ ಕೊಚ್ಚಿಕೊಂಡು ಹೋದರೆ ಅವನು ರಾಜನಿಗೆ ದೂರು ಕೊಡುತ್ತಿದ್ದ. ರಾಜನ ಆಳುಗಳು ಬಂದು ಎಷ್ಟು ಹೋಯಿತು ಅಂತ ಅಳೆದು ಕಂದಾಯ ಇಳಿಸುತ್ತಿದ್ದರು. ರೇಖಾಗಣಿತ ಹುಟ್ಟಿದ್ದು ಅಲ್ಲೇ ಇರಬೇಕು ಅಂತ ಗ್ರೀಕ್ ಇತಿಹಾಸಕಾರ ಹೆರೊಡೋಟಸ್ ಬರೆದಿದ್ದಾನೆ. ಅಂದರೆ ನಿಮ್ಮ ತತ್ವಶಾಸ್ತ್ರದ ಮುತ್ತಜ್ಜ ನಮ್ಮ ಕಂದಾಯ ಇಲಾಖೆಯವನು. ಇದನ್ನು ನಿನ್ನ ಹುಡುಗರಿಗೆ ಹೇಳು.

ನಮ್ಮ ಕಡೆಯ ಹಿರಿಯರೂ ಕಡಿಮೆ ಇಲ್ಲ. ಭಾಸ್ಕರಾಚಾರ್ಯರು ವಿಜಯಪುರದವರು ಅಂತ ನಾವನ್ನುತ್ತೇವೆ, ಚಾಳೀಸಗಾವ ಕಡೆಯವರು ನಮ್ಮವರು ಅನ್ನುತ್ತಾರೆ. ಆ ಹದ್ದುಬಸ್ತು ನನ್ನ ಕೈಲಾಗದು. 1150ರ ‘ಲೀಲಾವತಿ’ಯಲ್ಲಿ ಅವರ ಒಂದು ಮಾತಿದೆ. ಬರೀ ನಾಲ್ಕು ಬದಿ ಹೇಳಿ, ಕರ್ಣವನ್ನೂ ಲಂಬವನ್ನೂ ಹೇಳದೆ, ಕ್ಷೇತ್ರಫಲ ಎಷ್ಟು ಅಂತ ಕೇಳುವವನು ಪಿಶಾಚಿ. ಅದಕ್ಕೆ ಉತ್ತರ ಕೊಡುವವನು ಇನ್ನೂ ದೊಡ್ಡ ಪಿಶಾಚಿ. ಎಷ್ಟು ಖರೆ ನೋಡು. ನಾಲ್ಕೂ ಬದಿ 33 ಅಡಿ, ಮೂಲೆಗಳು ನೆಟ್ಟಗಿದ್ದರೆ ಅದು ಒಂದು ಗುಂಟೆ. ಅದೇ ನಾಲ್ಕು ಬದಿಯನ್ನು ಓರೆಯಾಗಿ ತಳ್ಳುತ್ತ ಹೋದರೆ ಅರ್ಧ ಗುಂಟೆಗೂ ಇಳಿಯುತ್ತದೆ. ಬದಿಗಳು ಇಂಚೂ ಬದಲಾಗಿಲ್ಲ, ನೆಲ ಮಾಯ! ಕರ್ಣ ಹಿಡಿಯದೆ ಹೊಲ ಅಳೆಯುವ ಪಿಶಾಚಿಗಳು ಈಗಲೂ ಊರೂರಿಗೆ ಇದ್ದಾರೆ.

ಈಗ ನಿನ್ನ ಜರ್ಮನ್ ತತ್ವಜ್ಞಾನಿ ಕಾಂಟ್ ವಿಚಾರಕ್ಕೆ ಬಾ. ಸೋಡಾ ಅಂಗಡಿ ಕಟ್ಟೆ ಮೇಲೆ ನೀನು ಎರಡು ತಾಸು ತಲೆ ತಿಂದಿದ್ದೆ: ಜಾಗ ಅನ್ನೋದು ಹೊರಗಿನ ವಸ್ತು ಅಲ್ಲ, ನಮ್ಮ ಮನಸ್ಸು ನೋಡುವ ರೀತಿ, ಅದಕ್ಕೇ ರೇಖಾಗಣಿತ ಅನುಭವಕ್ಕೆ ಮೊದಲೇ ಖಚಿತ. 1781ರಲ್ಲಿ ಅವನು ಅಷ್ಟು ಧೈರ್ಯವಾಗಿ ಹೇಳಿದ. ಐವತ್ತು ವರ್ಷ ತುಂಬುವುದರೊಳಗೆ ರಷ್ಯಾದಲ್ಲಿ ಲೊಬಾಚೆವ್ಸ್ಕಿ, ಅವನ ಬೆನ್ನಿಗೇ ಹಂಗೇರಿಯಲ್ಲಿ ಬೊಲ್ಯಾಯಿ, ಯೂಕ್ಲಿಡ್‌ನ ಐದನೇ ಆಧಾರವನ್ನು ಕಿತ್ತುಹಾಕಿಯೂ ಬೇರೊಂದು ರೇಖಾಗಣಿತ ಕಟ್ಟಬಹುದು ಅಂತ ತೋರಿಸಿದರು. ಒಂದು ಗೆರೆ, ಅದರ ಹೊರಗೊಂದು ಬಿಂದು. ಆ ಬಿಂದುವಿನ ಮೂಲಕ ಸಮಾಂತರ ಗೆರೆ ಒಂದೇ ಇರಬೇಕು ಅಂತೇನಿಲ್ಲ, ಎಷ್ಟು ಬೇಕಾದರೂ ಇರಬಹುದು.

ನನಗೆ ಇವರಿಬ್ಬರಿಗಿಂತ ಜರ್ಮನ್ ಗಣಿತಜ್ಞ ಗೌಸ್ ಹತ್ತಿರದವನು, ಯಾಕಂದ್ರೆ ಅವನೂ ಸರ್ವೇಯರ್. 1820ರ ದಶಕದಲ್ಲಿ ಹ್ಯಾನೋವರ್ ರಾಜ್ಯ ಅಳೆದವನು. ಮೂರು ಬೆಟ್ಟದ ತುದಿಗಳ ನಡುವೆ ಅವನು ಹಿಡಿದ ದೊಡ್ಡ ತ್ರಿಕೋನದ ಒಂದು ಬದಿಯೇ ನೂರು ಕಿಲೋಮೀಟರಿಗೆ ಜಾಸ್ತಿ. ಭೂಮಿ ಗುಂಡಗಿರುವುದರಿಂದ ಅದರ ಮೂರು ಕೋನ ಕೂಡಿದರೆ 180 ಡಿಗ್ರಿ ಮೇಲೆ ಸುಮಾರು 15 ಸೆಕೆಂಡ್ ಬರುತ್ತದೆ (ಗಡಿಯಾರದ ಸೆಕೆಂಡ್ ಅಲ್ಲ, ಒಂದು ಡಿಗ್ರಿಯಲ್ಲಿ 3600 ಸೆಕೆಂಡ್). ಯೂಕ್ಲಿಡ್‌ನ ರೇಖಾಗಣಿತ ಒಂದೇ ಅಲ್ಲ ಅಂತ ಗೌಸ್‌ಗೆ ಆ ಇಬ್ಬರಿಗಿಂತ ಮೊದಲೇ ಗೊತ್ತಿತ್ತು. ಜನ ಗದ್ದಲ ಮಾಡುತ್ತಾರೆ ಅಂತ ಬಾಯಿ ಬಿಡಲಿಲ್ಲ. ಅಷ್ಟು ದೊಡ್ಡ ಮನುಷ್ಯ! ಸರ್ವೇಯರ್ ಬುದ್ಧಿ ಎಲ್ಲಿ ಹೋಗುತ್ತದೆ ಹೇಳು.

ಇನ್ನು ನನ್ನ ರೋವರ್. ತೊಗರಿ ಹೊಲದಲ್ಲಿ ನಿಂತ ಈ ಕೋಲು 20,000 ಕಿಲೋಮೀಟರ್ ಮೇಲಿನ ಉಪಗ್ರಹಗಳ ಮಾತು ಕೇಳುತ್ತದೆ. ಆ ಉಪಗ್ರಹಗಳ ಗಡಿಯಾರ ನೆಲದ ಗಡಿಯಾರಕ್ಕಿಂತ ದಿನಕ್ಕೆ 38 ಮೈಕ್ರೊಸೆಕೆಂಡ್ ಮುಂದೆ ಓಡುತ್ತದೆ. ಅಷ್ಟು ಹೊತ್ತಿನಲ್ಲಿ ಬೆಳಕು 11 ಕಿಲೋಮೀಟರ್ ಹೋಗಿರುತ್ತದೆ. ಇದನ್ನು ಸರಿ ಮಾಡುವ ಲೆಕ್ಕ ಐನ್‌ಸ್ಟೈನ್‌ನದು, ಜಾಗ-ಕಾಲವೇ ಬಾಗಿದೆ ಅನ್ನುವ ಲೆಕ್ಕ. ಬಾಗಿದ ಜಗತ್ತಿನ ಲೆಕ್ಕ ಹಿಡಿದು ನಾನು ನೆಟ್ಟಗಿನ ಗೆರೆ ಎಳೆದು, “ಮಷಿನ್ ಹೇಳಿದ್ದು ಇದು” ಅಂತ ಪಂಚರ ಸಹಿ ತಗೊಂಡು ಬರುತ್ತೇನೆ.

ಫ್ರೆಂಚ್ ಗಣಿತಜ್ಞ ಪ್ವಾಂಕರೆ 1902ರಲ್ಲಿ ಬರೆದದ್ದು ನೀನೇ ಹೇಳಿದ್ದು: ಒಂದು ರೇಖಾಗಣಿತ ಇನ್ನೊಂದಕ್ಕಿಂತ ಹೆಚ್ಚು ಖರೆ ಅಲ್ಲ, ಹೆಚ್ಚು ಅನುಕೂಲ ಅಷ್ಟೇ. ಆಗ ನನಗೆ ಅದು ಕಟ್ಟೆ ಮಾತು ಅನ್ನಿಸಿತ್ತು. ಈಗ ರಾತ್ರಿ ನಿದ್ದೆ ಬರೋದಿಲ್ಲ.

ಯಾಕೆ ಅಂತ ಹೇಳಿಬಿಡುತ್ತೇನೆ. ನಮ್ಮ ಹೊಲ ಇನ್ನೂ ವಾಟ್ನಿ, ಅಂದರೆ ಪಾಲು, ಆಗಿಲ್ಲ. ಅಪ್ಪ ಹೋದ ಮೇಲೆ ಅಣ್ಣನೇ ಉಳುತ್ತಾನೆ. “ನೀನ ಸರ್ವೇಯರ ಅದಿ, ನೀನ ಅಳದ ಹಾಕು, ನಾ ಸಹಿ ಮಾಡ್ತೀನಿ” ಅಂತ ಪ್ರತಿ ಹಬ್ಬಕ್ಕೂ ಹೇಳುತ್ತಾನೆ. ನಾನು ಕೆಲಸ ಜಾಸ್ತಿ ಅಂತ ಜಾರಿಕೊಳ್ಳುತ್ತೇನೆ. ಮೇಲಿನ ಕಡೆ ಬಾವಿ, ಎರೆ ಮಣ್ಣು. ಕೆಳಗೆ ಹೊಳೆ ಕಡೆ ಸವಳು. ಹೊಲ ಯಾವ ಆಕಾರದಲ್ಲೇ ಇರಲಿ, ನೀನು ಹೇಳಿದ ದಿಕ್ಕಿನಲ್ಲಿ ಅದನ್ನು ಸರಿಯಾಗಿ ಅರ್ಧ ಮಾಡುವ ಒಂದು ಗೆರೆ ಇದ್ದೇ ಇರುತ್ತದೆ. ದಿಕ್ಕು ಬದಲಿಸು, ಇನ್ನೊಂದು ಗೆರೆ. ಹಾಗೆ ಲೆಕ್ಕವಿಲ್ಲದಷ್ಟು ಗೆರೆ, ಎಲ್ಲವೂ ಸಮಪಾಲು, ಎಲ್ಲವೂ ಗಣಿತಕ್ಕೆ ಸರಿ. ಯಾವುದನ್ನು ಎಳೆಯಬೇಕು ಅಂತ ಮಾತ್ರ ಗಣಿತ ಬಾಯಿ ಬಿಡುವುದಿಲ್ಲ.

ರಾತ್ರಿ ಹಳೆ ಪಹಣಿಯ ಹಿಂದೆ ನಾನು ಆ ಗೆರೆಗಳನ್ನು ಎಳೆದು ನೋಡುತ್ತೇನೆ ದೋಸ್ತ. ಎಷ್ಟು ಎಳೆದರೂ ಬಾವಿ ನನ್ನ ಕಡೆಗೇ ಬಂದಿರುತ್ತದೆ. ಆ ನೆಲದಲ್ಲಿ ನಾನು ಒಂದು ದಿನ ಕುಂಟೆ ಹಿಡಿದವನಲ್ಲ. ಅಣ್ಣ ಕಣ್ಣು ಮುಚ್ಚಿ ಸಹಿ ಮಾಡುತ್ತಾನೆ. ಅವನು ನಂಬುವುದು ಗಣಿತವನ್ನಲ್ಲ, ನನ್ನನ್ನು. ಅದೇ ಭಯ.

ಹ್ಞಾಂ, ಸಾಕು. ಇದು ಬರೆಯಬೇಕು ಅಂತ ಕೂತದ್ದಲ್ಲ. ಅಣ್ಣ ಫೇಸ್‌ಬುಕ್ ನೋಡುವುದಿಲ್ಲ, ಆದರೆ ಅವನ ಮಗ ಇಡೀ ದಿನ ಅದರಲ್ಲೇ ಬಿದ್ದಿರುತ್ತಾನೆ. ಲೇ ತಮ್ಮಾ, ಇಲ್ಲಿತನಕ ಓದಿದ್ದರೆ ಸುಮ್ನೆ ಮುಂದೆ ಸರಿಸು, ಈ ಸಲ ಜಾತ್ರೆಗೆ ಬಂದಾಗ ಕಾಕಾ ನಿನಗೆ ಹೊಸ ಇಯರ್‌ಫೋನ್ ತರುತ್ತಾನೆ. ಇದು ಲಂಚ ಅಲ್ಲ, ಅನುಕೂಲ. ಪ್ವಾಂಕರೆ ಒಪ್ಪಿದ್ದು.

ಮತ್ತೆ ನೀನು, ಮಹಾನುಭಾವ. ಮೂರು ಪುಸ್ತಕದ ಹೆಸರು ಬರೆದು ತಪ್ಪಿಸಿಕೊಳ್ಳಬೇಡ. ಹಾಗೇನಾದರೂ ಮಾಡಿದರೆ ಗೋಳಗುಮ್ಮಟದ ಗ್ಯಾಲರಿಯಲ್ಲಿ ನೀನು ಕೂಗಿದ ಆ ಹೆಸರನ್ನು ಇಲ್ಲೇ ಕೆಳಗೆ ಹಾಕುತ್ತೇನೆ. ವೈನಿಯವರೂ ಇದನ್ನು ಓದುತ್ತಾರೆ, ನೆನಪಿರಲಿ.

ನಿನ್ನ,
ದೊಡ್ಡ ಪಿಶಾಚಿ
ವಿಜಯಪುರ