ಸ್ಕ್ಯಾನ್ ಬಟನ್ ಸಾಫ್ಟ್‌ವೇರ್ ಒಳಗೇ ಇರಲಿ

ಸಂಪಾದಕರೇ,

ಹೋದ ವಾರ ಸಾಲದ ಅರ್ಜಿ ಕೊಡೋಕೆ ಒಂದು ಆಫೀಸಿಗೆ ಹೋಗಿದ್ದೆ, ಅಲ್ಲಿ ಕ್ಲರ್ಕ್ ಮೇಡಂ ನನ್ನ ಪಹಣಿನ ಸ್ಕ್ಯಾನರ್ ಪ್ರೋಗ್ರಾಂನಲ್ಲಿ ಸ್ಕ್ಯಾನ್ ಮಾಡಿ, ಡೆಸ್ಕ್‌ಟಾಪಿಗೆ ಸೇವ್ ಮಾಡಿ, ಆಮೇಲೆ ಸಾಲದ ಸಾಫ್ಟ್‌ವೇರ್ ಓಪನ್ ಮಾಡಿ ಫೈಲ್ ಹುಡುಕ್ತಾ ಕೂತ್ರು. ಕೊನೆಗೆ ಸೇರಿದ್ದು ಬೇರೆ ಯಾರದೋ ಪಹಣಿ! ಇಮೇಜ್ ಅಲ್ಲೇ ಕಾಣಿಸ್ತಿದ್ರೆ ತಕ್ಷಣ ಗೊತ್ತಾಗ್ತಿತ್ತು, ಕಾಣಿಸ್ತಿದ್ದಿದ್ದು ಬರೀ ಫೈಲ್ ನಂಬರ್.

ನಾನೂ ಸಣ್ಣಪುಟ್ಟ ಸಾಫ್ಟ್‌ವೇರ್ ಬರೆಯೋನು. ಸಾಲದ ಸಾಫ್ಟ್‌ವೇರ್ ಒಳಗಿಂದಲೇ ಸ್ಕ್ಯಾನ್ ಮಾಡೋದು ಹೊಸ ವಿದ್ಯೆ ಏನಲ್ಲ, ಸಾಫ್ಟ್‌ವೇರ್ ನೇರವಾಗಿ ಸ್ಕ್ಯಾನರ್ ಜೊತೆ ಮಾತಾಡೋ ಟ್ವೈನ್ ಸ್ಟ್ಯಾಂಡರ್ಡ್ 1992ರಲ್ಲೇ ಬಂತು, ಅದೇ ಕೆಲಸಕ್ಕೆ ವಿಂಡೋಸಲ್ಲಿ ಡಬ್ಲ್ಯುಐಎ, ಲಿನಕ್ಸಲ್ಲಿ ಸೇನ್ ಇದೆ. ತಲೆನೋವು ಇಲ್ಲ ಅಂತಲ್ಲ, ಹಳೇ 32 ಬಿಟ್ ಡ್ರೈವರ್ (ಸ್ಕ್ಯಾನರ್ ನಡೆಸೋ ಪ್ರೋಗ್ರಾಂ) ಹೊಸ 64 ಬಿಟ್ ಪ್ರೋಗ್ರಾಂ ಒಳಗೆ ಲೋಡೇ ಆಗಲ್ಲ, ಮಧ್ಯೆ ಇನ್ನೊಂದು ಸಣ್ಣ ಪ್ರೋಗ್ರಾಂ ಬರೀಬೇಕಾಗತ್ತೆ. 300 ಡಿಪಿಐ (ಇಂಚಿಗೆ 300 ಚುಕ್ಕಿ) ಕಲರಲ್ಲಿ ಒಂದು ಎ4 ಹಾಳೆ ಕಂಪ್ರೆಸ್ ಮಾಡ್ದೇ ಇದ್ರೆ ಸುಮಾರು 26 ಎಂಬಿ, ಐವತ್ತು ಹಾಳೆ ಒಟ್ಟಿಗೆ ಮೆಮೊರಿಗೆ ತುಂಬಿದ್ರೆ ಹಳೇ ಕಂಪ್ಯೂಟರ್ ಮಕಾಡೆ ಮಲಗತ್ತೆ, ಅದಕ್ಕೇ ಲಿಸ್ಟಲ್ಲಿ ಥಂಬ್‌ನೇಲ್ (ಪುಟಾಣಿ ಚಿತ್ರ) ತೋರಿಸಿ ಕ್ಲಿಕ್ ಮಾಡ್ದಾಗ ಮಾತ್ರ ಪೂರ್ತಿ ಇಮೇಜ್ ತೆಗೀಬೇಕು.

ಇಂಥ ಸಾಫ್ಟ್‌ವೇರಿಗೆ ಟೆಂಡರ್ ಬರೆಯೋರು, ಸ್ಕ್ಯಾನ್ ಬಟನ್ ಒಳಗೇ ಇರ್ಬೇಕು, ಇಮೇಜ್ ಅಲ್ಲೇ ಕಾಣಿಸ್ಬೇಕು ಅಂತ ಎರಡು ಸಾಲು ಸೇರಿಸ್ಲಿ, ಜೊತೆಗೆ ಇಮೇಜ್ ತಿರುಗಿಸೋ ಬಟನ್ನೂ ಇರ್ಲಿ, ಮೇಡಂ ನನ್ನ ಪಹಣಿ ಓದೋಕೆ ಕತ್ತು ವಾಲಿಸ್ಕೊಂಡು ಕೂತಿದ್ರು.

ಇಂತಿ,
ಒಬ್ಬ ಓದುಗ