ನಗೋದನ್ನ ಕೇಳೋರಿಗೆ ಬಿಡು

ಚಿತ್ರದುರ್ಗ

ಪ್ರೀತಿಯ ತಂಗೀ,

ನಿನ್ನ ನಲವತ್ತು ಜೋಕುಗಳ ಕಟ್ಟು ತಲುಪಿತು. ಜೊತೆಗಿದ್ದ ಚೀಟಿಯನ್ನೇ ಮೊದಲು ಓದಿದೆ. ಕಾಲೇಜಿನ ಸಮಾರಂಭದಲ್ಲಿ ಓದಿದಾಗ ಒಬ್ಬರೂ ನಗಲಿಲ್ಲ, ಇನ್ನು ಬರೆಯೋದೇ ಬೇಡ ಅಂತ ಬರೆದಿದ್ದೀಯ. ಹೊಟ್ಟೆ ಚುರುಕ್ ಅಂತು. ಎರಡು ರಾತ್ರಿ ಕೂತು ಪೂರ್ತಿ ಓದಿದೆ. ಯಾವ ಪತ್ರಿಕೆಗೆ ಕಳಿಸಲಿ, ಪುಸ್ತಕ ಯಾವಾಗ ಮಾಡಲಿ ಅಂತ ಕೇಳಿದ್ದೀಯಲ್ಲ, ಅದೆಲ್ಲ ಆಮೇಲಿನ ಮಾತು.

ನಿನ್ನ ಮಂಡಕ್ಕಿ ಗಾಡಿಯ ಅಜ್ಜನನ್ನೇ ತಗೋ. ಗಿರಾಕಿ ಬಂದು, "ಅಜ್ಜಾ, ಮಿರ್ಚಿ ಖಾರ ಐತಾ?" ಅಂತ ಕೇಳುತ್ತಾನೆ. ಮುಂದೆ ನೀನು ಬರೆದದ್ದು ಹೀಗೆ: "'ಒಬ್ರೂ ತಿರುಗಿ ಬಂದಿಲ್ಲ, ನಿನ್ನೆ ತಿಂದೋರು ಬಂದ್ರೆ ಕೇಳಿ ಹೇಳ್ತೀನಿ' ಎಂದು ಅಜ್ಜ ತಮಾಷೆಯಾಗಿ ನುಡಿದನು. ಅಲ್ಲಿದ್ದವರೆಲ್ಲ ಬಿದ್ದು ಬಿದ್ದು ನಕ್ಕರು."

ಅಯ್ಯೋ, ಎಂಥಾ ಮಾತನ್ನ ಕೆಡಿಸಿಬಿಟ್ಟೆಯಲ್ಲ! ಅಲ್ಲಿದ್ದವರೆಲ್ಲ ನಕ್ಕು ಮುಗಿಸಿದ ಮೇಲೆ ನನಗೇನು ಉಳಿಯಿತು? ಹೀಗೆ ಬರೆದು ನೋಡು.

ಅಜ್ಜ ಬಾಣಲೆಯಿಂದ ಕಣ್ಣೆತ್ತಲಿಲ್ಲ. "ನಿನ್ನೆ ತಿಂದೋರ್ನ ಕೇಳಿ ಹೇಳ್ತೀನಿ, ತಡಿ. ಇನ್ನೂ ಒಬ್ರೂ ಬಂದಿಲ್ಲ."

ಅಷ್ಟೇ. ಪೆನ್ನು ಕೆಳಗಿಡು.

ನಮ್ಮ ಕನ್ನಡದಲ್ಲಿ ಕ್ರಿಯಾಪದ ಕೊನೆಗೆ ಬರುತ್ತೆ, 'ಇಲ್ಲ' ಅನ್ನೋದೂ ಕೊನೆಗೇ. ಬಂದರೋ ಇಲ್ಲವೋ ಗೊತ್ತಾಗೋಕೆ ಕೇಳುವವನು ಕೊನೇ ಅಕ್ಷರದವರೆಗೂ ಕಾಯಲೇಬೇಕು. ಭಾಷೆಯೇ ನಿನಗೆ ಇಷ್ಟು ಸಹಾಯ ಮಾಡ್ತಿದೆ. ನೀನು ಅದರ ಬಾಲಕ್ಕೆ 'ತಮಾಷೆಯಾಗಿ ನುಡಿದನು' ಅಂತ ಕಟ್ಟುತ್ತೀಯ!

ಎಲ್ಲ ಜೋಕಿಗೂ ಒಂದೇ ಅಳತೆ ಅಂತಿಲ್ಲ. ಪನ್, ಅಂದರೆ ಒಂದೇ ಪದದಲ್ಲಿ ಎರಡರ್ಥ ಹೊಳೆಸೋ ಆಟ, ಇರೋದು ಕಿವಿಗೆ. ಕೈಲಾಸಂ ಇಂಗ್ಲಿಷು ಕನ್ನಡ ಬೆರೆಸಿ ಆಡಿದ ಮಾತುಗಳನ್ನು ಬಾಯಿಬಿಟ್ಟು ಹೇಳಿದರೇ ಚೆಂದ. ನಿನ್ನ ಹನ್ನೊಂದು ಪನ್‌ಗಳನ್ನೂ ಜೋರಾಗಿ ಓದಿದೆ, ಮೂರು ಮಾತ್ರ ನಿಂತವು. ಹರಟೆಗೆ ಅವಸರ ಆಗಿಬರಲ್ಲ. ಪ್ರಶ್ನೆ, ಉತ್ತರ, ಮುಗೀತು ಅನ್ನುವಂಥದ್ದಕ್ಕೆ ಬೀಚಿಯವರ ತಿಂಮನನ್ನು ಓದು. 1913ರಲ್ಲಿ ಹರಪನಹಳ್ಳಿಯಲ್ಲಿ ಹುಟ್ಟಿದವರು, ನಮ್ಮ ಕಡೆಯವರೇ. ತಾನು ತಮಾಷೆ ಮಾಡ್ತಿದ್ದೀನಿ ಅನ್ನೋದು ತಿಂಮನಿಗೇ ಗೊತ್ತಿರಲ್ಲ. ಅದಕ್ಕೇ ನಮಗೆ ನಗು ತಡೆಯೋಕಾಗಲ್ಲ.

ನನ್ನ ಮೊದಲ ಹಾಸ್ಯ ಲೇಖನಕ್ಕೆ ಒಂದು ವಾರಪತ್ರಿಕೆಯವರು ಸಾಲುಸಾಲಿಗೂ ಆಶ್ಚರ್ಯಸೂಚಕ ಚಿಹ್ನೆ ಹಾಕಿ, ಕೊನೆಗೆ 'ಹ್ಹ ಹ್ಹ ಹ್ಹ' ಸೇರಿಸಿ ಅಚ್ಚು ಹಾಕಿದ್ದರು. ಆ ಸಿಟ್ಟು ಇವತ್ತಿಗೂ ಇಳಿದಿಲ್ಲ.

ಆದರೆ ಅದಕ್ಕಿಂತ ದೊಡ್ಡ ತಪ್ಪು ನಾನೇ ಮಾಡಿದ್ದೆ. ನಮ್ಮ ದೊಡ್ಡಪ್ಪ ನಿಮ್ಮ ದಾವಣಗೆರೆಯಲ್ಲೇ ಬಟ್ಟೆ ಮಿಲ್ಲಿನಲ್ಲಿದ್ದರು. ಶಿಫ್ಟ್ ಮುಗಿಸಿ ಬಂದು, ತಲೆಗೂದಲಲ್ಲಿ ಹತ್ತಿ ಎಳೆ ಹಾಗೇ ಇರುವಾಗಲೇ ಜಗಲಿ ಮೇಲೆ ಕೂರುತ್ತಿದ್ದರು. ಕಳೆದುಹೋದ ಎಮ್ಮೆಯ ಕಥೆಯೊಂದಿತ್ತು, ಹೇಳೋಕೆ ಅರ್ಧ ಗಂಟೆ. ಕೊನೇ ಮಾತಿಗೆ ಮೊದಲು ನಿಲ್ಲಿಸಿ, ಎಲೆಗೆ ನಿಧಾನವಾಗಿ ಸುಣ್ಣ ಸವರುತ್ತಿದ್ದರು. ಓಣಿಯವರೆಲ್ಲ ಆ ಬೆರಳನ್ನೇ ನೋಡುತ್ತಾ ಕೂತಿರುತ್ತಿದ್ದರು. ಒಂದು ದಿನ, ಅವರು ಸುಣ್ಣ ಸವರುತ್ತಿದ್ದಾಗ, ಆ ಕೊನೇ ಮಾತನ್ನು ನಾನು ಕೂಗಿಬಿಟ್ಟೆ. ಆಗ ನನಗೆ ಇಪ್ಪತ್ತು ವರ್ಷ. ಎಲ್ಲರೂ ನಕ್ಕರು. ದೊಡ್ಡಪ್ಪ "ಹೂಂ, ಅದೇ ನೋಡಪ್ಪ" ಅಂದು ಎಲೆ ಮಡಿಚಿ ಬಾಯಿಗಿಟ್ಟುಕೊಂಡು ಒಳಗೆ ಹೋದರು. ಆ ಕಥೆಯನ್ನು ಮತ್ತೆಂದೂ ಹೇಳಲಿಲ್ಲ. ನಾನು ತಪ್ಪಾಯಿತು ಅಂತಲೂ ಹೇಳಲಿಲ್ಲ. ಈಗ ಹೇಳೋಕೆ ಅವರಿಲ್ಲ.

ನಿನ್ನ ಅಜ್ಜನಿಗೆ ಹಾಗಾಗಬಾರದು ಅಂತಲೇ ಇಷ್ಟು ರೇಗಿದ್ದು. ಬೇಜಾರು ಮಾಡಿಕೊಳ್ಳಬೇಡ. ಖಾರದ ಆ ಮಾತು ಕೇಳಿಸಿಕೊಂಡ ಕಿವಿ ನಿನ್ನದಲ್ವಾ? ಅದನ್ನ ಯಾರೂ ಕಲಿಸಲಾರರು.

ಮುಂದಿನ ತಿಂಗಳು ದಾವಣಗೆರೆಗೆ ಬರುತ್ತೇನೆ. ಗಾಡಿ ಹತ್ತಿರವೇ ಕೂತು, ತಿದ್ದಿದ ಆ ಪುಟ ಓದಿ ಹೇಳು. ಎಷ್ಟು ಬೇಕಾದರೂ ನಿಧಾನ ಮಾಡು. ನಡುವೆ ಬಾಯಿ ಹಾಕಲ್ಲ.

ಇಂತಿ,
ನಿನ್ನ ಅಣ್ಣ