‘ಆಫ್ರಿಕಾ’ ಹಾಡಿನ ಕುರಿತು ಬರೆಯುತ್ತಿರುವವರಿಗೆ

ಆತ್ಮೀಯರೇ,

ಅಮೆರಿಕದ ರಾಕ್ ತಂಡ ಟೋಟೋದ ‘ಆಫ್ರಿಕಾ’ ಹಾಡಿನ ಬಗ್ಗೆ ನೀವು ಬರೆದು ಕಳಿಸಿದ ಲೇಖನವನ್ನು ನಿಧಾನವಾಗಿ ಓದಿದೆ. ಭಾಷೆ ಹದವಾಗಿದೆ, ಮಾಹಿತಿಗೂ ಕೊರತೆಯಿಲ್ಲ. ಆದರೆ ಜನ ಒಮ್ಮೆ ಮೆಚ್ಚಿ ಈಗ ತಮಾಷೆಗೆಂದು ಹಾಡಿಕೊಳ್ಳುವ ಹಾಡು ಇದು ಎಂಬ ತೀರ್ಪನ್ನು ಮೊದಲ ಪುಟದಲ್ಲಿಯೇ ಕೊಟ್ಟು, ಉಳಿದ ಪುಟಗಳನ್ನೆಲ್ಲ ಅದಕ್ಕೆ ಸಾಕ್ಷಿ ಹೇಳಿಸಲು ಬಳಸಿದ್ದೀರಿ. ಹಾಡೊಂದನ್ನು ಲೋಕ ಹೇಗೆ ಸ್ವೀಕರಿಸಿತು ಎಂದು ಬರೆಯಹೊರಟಾಗ, ಕೇಳಿದವರು ಯಾರು, ಯಾವ ಕಾಲದಲ್ಲಿ, ಎಲ್ಲಿ ಕುಳಿತು ಕೇಳಿದರು ಎಂಬುದನ್ನು ಬಿಡಿಸಿ ಹೇಳದೆ ಗತಿಯಿಲ್ಲ. ನಿಮ್ಮ ಲೇಖನದಲ್ಲಿ ‘ಜನ’ ಎಂಬುವರು ಆರಂಭದಿಂದ ಕೊನೆಯವರೆಗೂ ಒಂದೇ ಗುಂಪಾಗಿ ನಿಂತಿದ್ದಾರೆ.

ತಂಡದೊಳಗಿಂದಲೇ ಶುರುಮಾಡಬಹುದಿತ್ತು. 1982ರ ‘ಟೋಟೋ ಫೋರ್’ ಆಲ್ಬಂನಲ್ಲಿ ಈ ಹಾಡು ಎಲ್ಲಕ್ಕಿಂತ ಕೊನೆಗೆ ಬರುತ್ತದೆ. ಗಿಟಾರ್ ವಾದಕ ಸ್ಟೀವ್ ಲುಕಾಥರ್ ಅವರಿಗೆ ಇದರ ಮೇಲೆ ಎಷ್ಟು ಅಪನಂಬಿಕೆಯಿತ್ತೆಂದರೆ, ಇದು ಹಿಟ್ ಆದರೆ ಹಾಲಿವುಡ್ ಬೂಲವಾರ್ಡ್‌ನಲ್ಲಿ ಬೆತ್ತಲೆ ಓಡುತ್ತೇನೆ ಎಂದಿದ್ದುದನ್ನು ಅವರೇ ಮುಂದೆ ಹೇಳಿಕೊಂಡಿದ್ದಾರೆ. (ಓಡಲಿಲ್ಲವೆಂದೇ ನನ್ನ ನಂಬಿಕೆ.) 1983ರ ಫೆಬ್ರವರಿಯಲ್ಲಿ ಹಾಡು ಅಮೆರಿಕದ ಜನಪ್ರಿಯ ಹಾಡುಗಳ ಬಿಲ್‌ಬೋರ್ಡ್ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೇರಿತು, ಬ್ರಿಟನ್ನಿನಲ್ಲಿ 3ನೆಯ ಸ್ಥಾನದವರೆಗೆ ಹೋಯಿತು. ಅದೇ ತಿಂಗಳು ಆಲ್ಬಂಗೆ ವರ್ಷದ ಅತ್ಯುತ್ತಮ ಆಲ್ಬಂ ಎಂಬ ಗ್ರ್ಯಾಮಿ ಸಂಗೀತ ಪ್ರಶಸ್ತಿ ಬಂತು, ಆದರೆ ವರ್ಷದ ಅತ್ಯುತ್ತಮ ರೆಕಾರ್ಡ್ ಎಂಬ ಗ್ರ್ಯಾಮಿ ದೊರೆತದ್ದು ಅದೇ ಆಲ್ಬಂನ ‘ರೊಸಾನಾ’ಗೆ. ನೀವು ಈ ಎರಡನ್ನೂ ಬೆರೆಸಿ ‘ಗ್ರ್ಯಾಮಿ ವಿಜೇತ ಹಾಡು’ ಎಂದು ಬರೆದಿದ್ದೀರಿ; ತಿದ್ದಿಕೊಳ್ಳಿ.

ಆ ಕಾಲದ ರಾಕ್ ವಿಮರ್ಶಕರಲ್ಲಿ ಅನೇಕರು ಈ ತಂಡವನ್ನು ಕೈಚಳಕವಿದ್ದರೂ ಮುಖವಿಲ್ಲದವರ ಕೂಟವೆಂದು ಕಂಡರು. ಅದಕ್ಕೆ ಕಾರಣವಿತ್ತು. ಇವರು ಲಾಸ್ ಏಂಜಲೀಸ್‌ನ ಸ್ಟುಡಿಯೋಗಳಲ್ಲಿ ಬೇರೆಯವರ ಹಾಡುಗಳಿಗೆ ನುಡಿಸಿ ಬದುಕಿದ ಸೆಷನ್ ಕಲಾವಿದರು. ಇವರ ಹಾಡುಗಳನ್ನು ಸಾಫ್ಟ್ ರಾಕ್ ಎಂದು ಕರೆಯುವುದುಂಟು; ಹಾಗೆಂದರೆ ಗಿಟಾರಿನ ಅಬ್ಬರವನ್ನು ತಗ್ಗಿಸಿ, ರಾಗವನ್ನೂ ದನಿಗಳ ಮೇಳವನ್ನೂ ಮುಂದಿಟ್ಟು, ರೇಡಿಯೋದಲ್ಲಿ ಯಾರಿಗೂ ಕಿರಿಕಿರಿಯಾಗದಂತೆ ನಯಗೊಳಿಸಿದ ಸಂಗೀತ. ಕನ್ನಡ ಓದುಗರಿಗೆ ನೀವು ಇಷ್ಟನ್ನಾದರೂ ಹೇಳಬೇಕಿತ್ತು, ಏಕೆಂದರೆ ಆ ವಿಮರ್ಶಕರಿಗೆ ಸಂಶಯ ಹುಟ್ಟಿಸಿದ್ದು ಆ ನಯವೇ.

ಆದರೆ ಆ ನಯ ಹೇಗೆ ಬಂತೆಂದು ನೋಡಿ. ಡ್ರಮ್ ವಾದಕ ಜೆಫ್ ಪೊರ್ಕಾರೊ ಮತ್ತು ತಾಳವಾದ್ಯಗಾರ ಲೆನಿ ಕ್ಯಾಸ್ಟ್ರೊ ಲಯ ತಪ್ಪದಂತೆ ಕಿವಿಯಲ್ಲಿ ಟಿಕ್ ಟಿಕ್ ಎನ್ನುವ ಕ್ಲಿಕ್ ಟ್ರ್ಯಾಕ್‌ನ ಆಸರೆಯೂ ಇಲ್ಲದೆ ಕೆಲವು ನಿಮಿಷ ಒಟ್ಟಿಗೆ ನುಡಿಸಿದರು. ಅದರಲ್ಲಿ ಹಿತವಾಗಿ ಕೂತ ಒಂದು ತುಣುಕನ್ನು ಆರಿಸಿ, ಟೇಪನ್ನು ಕತ್ತರಿಸಿ ಅಂಟಿಸಿ, ಸುತ್ತುತ್ತಲೇ ಇರುವ ಲೂಪ್ ಮಾಡಿ, ಅದರ ಮೇಲೆ ಉಳಿದ ಹಾಡನ್ನು ಕಟ್ಟಿದರು. ಡ್ರಮ್ಮಿನ ಲಯವನ್ನು ತಾನೇ ನುಡಿಸುವ ಲಿನ್ ಯಂತ್ರ ಆಗಲೇ ಬಂದಿತ್ತು, ಅದರಲ್ಲಿ ಕೆಲಸ ಬೇಗ ಮುಗಿಯುತ್ತಿತ್ತು. ಅದರ ನಡೆಯಲ್ಲಿ ಈ ಜೀವ ಇರುವುದಿಲ್ಲವೆಂಬುದು ಪೊರ್ಕಾರೊ ಅವರ ವಾದ. ಮುಖವಿಲ್ಲದವರು ಎಂದ ವಿಮರ್ಶೆಯ ಪಕ್ಕದಲ್ಲಿ ಈ ಸಂಗತಿಯನ್ನಿಟ್ಟಿದ್ದರೆ ನಿಮ್ಮ ಓದುಗ ತನ್ನ ಕಿವಿಯಿಂದಲೇ ಪರೀಕ್ಷಿಸಿಕೊಳ್ಳುತ್ತಿದ್ದ. ನೀವು ಇದನ್ನು ಅಡಿಟಿಪ್ಪಣಿಗೆ ತಳ್ಳಿದ್ದೀರಿ.

ಹಾಡಿನ ಸಾಹಿತ್ಯದ ವಿಷಯಕ್ಕೆ ಬಂದಾಗ ನೀವು ಮೃದುವಾಗಿಬಿಟ್ಟಿದ್ದೀರಿ. ಪೊರ್ಕಾರೊ ಅವರ ಜೊತೆ ಈ ಹಾಡನ್ನು ರಚಿಸಿದ, ತಂಡದ ಕೀಬೋರ್ಡ್ ವಾದಕ ಡೇವಿಡ್ ಪೇಚ್ ಆಗ ಆಫ್ರಿಕಾವನ್ನು ಕಂಡವರಲ್ಲ. ಟಿವಿಯ ಸಾಕ್ಷ್ಯಚಿತ್ರ ಮತ್ತು ಅಲ್ಲಿ ಮಿಷನರಿಗಳಾಗಿದ್ದ ತಮ್ಮ ಶಾಲೆಯ ಗುರುಗಳು ಹೇಳಿದ ಕತೆಗಳು ಅವರ ಬಂಡವಾಳ. ಹಾಡಿನಲ್ಲಿ ಕಿಲಿಮಂಜಾರೊ ಪರ್ವತ ಸೆರೆಂಗೆಟಿ ಬಯಲಿನ ಮೇಲೆ ಎದ್ದು ನಿಲ್ಲುತ್ತದೆ, ನಿಜದಲ್ಲಿ ಇವೆರಡರ ನಡುವೆ 200 ಕಿಲೋಮೀಟರಿಗೂ ಹೆಚ್ಚು ದೂರವಿದೆ. ಅಲ್ಲಿಗೆ ಹೋಗದ ಬಿಳಿಯ ಹುಡುಗನೊಬ್ಬನ ಕಲ್ಪನೆಯಿದು ಎಂದು ಪೊರ್ಕಾರೊ ವಿವರಿಸಿದ್ದುಂಟು. ಆ ವಿವರಣೆಯನ್ನು ನೀವು ಹಾಗೆಯೇ ಒಪ್ಪಿಕೊಂಡಿದ್ದೀರಿ, ನಾನು ಅರ್ಧ ಮಾತ್ರ ಒಪ್ಪುತ್ತೇನೆ. ಕಲ್ಪನೆಯೆಂದು ಹಾಡಿನೊಳಗೆ ಎಲ್ಲಿಯೂ ಸೂಚನೆಯಿಲ್ಲ, ಮತ್ತು ಅಷ್ಟು ದೊಡ್ಡ ಖಂಡದಲ್ಲಿ ದಾರಿಯಲ್ಲಿ ಎದುರಾಗುವ ಒಬ್ಬ ಮುದುಕನ ಹೊರತು ಅಲ್ಲಿನ ಮನುಷ್ಯರೇ ಕಾಣುವುದಿಲ್ಲ. ಲಯವನ್ನು ಮೆಚ್ಚಿದ ಮಾತ್ರಕ್ಕೆ ಈ ದೋಷವನ್ನು ಮುಚ್ಚಿಡಬೇಕಾಗಿಲ್ಲ.

ಅಂತರ್ಜಾಲದ ಕಾಲದ ಎರಡನೆಯ ಜೀವನಕ್ಕೆ ನೀವು ಬೇಕಾದುದಕ್ಕಿಂತ ಹೆಚ್ಚು ಪುಟ ಕೊಟ್ಟಿದ್ದೀರಿ. ಹದಿಹರೆಯದ ಅಭಿಮಾನಿಯೊಬ್ಬರ ಟ್ವಿಟರ್ ಒತ್ತಾಯಕ್ಕೆ ಮಣಿದು 2018ರಲ್ಲಿ ಅಮೆರಿಕದ ಇನ್ನೊಂದು ರಾಕ್ ತಂಡ ವೀಝರ್ ಈ ಹಾಡನ್ನು ಮತ್ತೆ ಹಾಡಿದ್ದನ್ನು ಒಂದು ಪ್ಯಾರಾದಲ್ಲಿ ಮುಗಿಸಬಹುದು. 2019ರ ಪ್ರಸಂಗ ಹಾಗಲ್ಲ. ನಮೀಬಿಯಾದಲ್ಲಿ ಜನಿಸಿದ ಕಲಾವಿದ ಮ್ಯಾಕ್ಸ್ ಸೀಡೆನ್‌ಟಾಫ್ ನಮೀಬ್ ಮರುಭೂಮಿಯಲ್ಲಿ ಆರು ಸ್ಪೀಕರುಗಳನ್ನು ನಿಲ್ಲಿಸಿ, ಸೌರವಿದ್ಯುತ್ತಿನಿಂದ ಈ ಒಂದೇ ಹಾಡು ನಿರಂತರ ಮೊಳಗುವಂತೆ ಮಾಡಿದರು. ಅದನ್ನು ನೀವು ‘ಮತ್ತೊಂದು ವೈರಲ್ ತಮಾಷೆ’ ಎಂದು ಒಂದೇ ಸಾಲಿನಲ್ಲಿ ದಾಟಿದ್ದೀರಿ. ಹಾಡಿನಲ್ಲಿ ದನಿಯೇ ಇಲ್ಲದ ಖಂಡದ ವ್ಯಕ್ತಿಯೊಬ್ಬರು ಆ ಹಾಡನ್ನು ತಮ್ಮ ನೆಲದಲ್ಲಿ ನುಡಿಸಿದ್ದು ಅಭಿಮಾನವೋ, ಅಣಕವೋ, ಎರಡೂ ಸೇರಿದ್ದೋ? ನಮೀಬಿಯಾದವರಲ್ಲಿ ಕೆಲವರು ಮೆಚ್ಚಿದರು, ಕೆಲವರು ಬೈದರು ಎಂದು ಸೀಡೆನ್‌ಟಾಫ್ ಅವರೇ ಆಗ ಹೇಳಿದ್ದರು. ನಿಮ್ಮ ಲೇಖನ ಕಾಯುತ್ತಿರುವ ಕೇಳುಗರು ಆ ನಮೀಬಿಯಾದವರೇ.

ಅಲ್ಲಿನ ಪತ್ರಿಕೆಗಳು ಆಗ ಏನು ಬರೆದವೆಂದು ಹುಡುಕಿ ಓದಿ, ವೀಝರ್ ಭಾಗವನ್ನು ಕತ್ತರಿಸಿ, ಡ್ರಮ್ಮಿನ ಸಂಗತಿಯನ್ನು ಅಡಿಟಿಪ್ಪಣಿಯಿಂದ ಮೇಲಕ್ಕೆ ತನ್ನಿ. ಹೊಸ ಕರಡಿಗೆ ಕಾಯುತ್ತೇನೆ.

ಇಂತಿ ನಿಮ್ಮ ವಿಶ್ವಾಸಿ